ಬೆನ್ನು ಹಾಕಿ ನಿಂತವನು

ಟಾಕೀಸಿನ ಟಿಕೆಟ್ ಕೋಣೆಯಿಂದ,
ಭಾನುವಾರ, ಮಧ್ಯಾಹ್ನದ ಆಟ ಶುರುವಾದ ಮೇಲೆ

ಪ್ರೀತಿಯ ಅಣ್ಣನಿಗೆ,

ಹೇಗಿದ್ದೀಯ? ಇಡೀ ದಿನ ನಿಂತು ನಿಂತು ಬರುವ ಕಾಲುನೋವು ಕಡಿಮೆಯಾಯಿತೇ? ಬಿಸಿನೀರಿನಲ್ಲಿ ಕಾಲಿಡು ಎಂದರೆ ನೀನೆಲ್ಲಿ ಕೇಳುತ್ತೀಯ! ನಾನು ಚೆನ್ನಾಗಿದ್ದೇನೆ. ಅಮ್ಮನ ವಿಷಯ ಮುಂದೆ ಬರೆಯುತ್ತೇನೆ, ಗಾಬರಿಯಾಗಬೇಡ.

ನಮ್ಮ ಟಾಕೀಸಿನಲ್ಲಿ ಮತ್ತೆ ಆ ಹಳೆಯ ಚಿತ್ರ ಹಾಕಿದ್ದಾರೆ. ಅದೇ, ಗಡಿಯಾರ ರಿಪೇರಿಯವನ ವೇಷದಲ್ಲಿ ಪ್ರಧಾನಿಯನ್ನು ಕೊಲ್ಲಲು ಬರುವವನ ಕಥೆ. ಹೊಸ ಚಿತ್ರ ಬಂದಾಗ ನೊಣ ಹೊಡೆಯುತ್ತ ಕೂರುವ ನಾನು ಈ ವಾರ ಊಟಕ್ಕೂ ಏಳಲಿಲ್ಲ. ಪ್ರಧಾನಿ ಬದುಕುತ್ತಾನೆಂದು ಎಲ್ಲರಿಗೂ ಗೊತ್ತು, ಆದರೂ ಉಸಿರು ಬಿಗಿಹಿಡಿದು ನೋಡುತ್ತಾರೆ. ಆ ಕೊಲೆಗಾರನ ಕೆಲಸ ಅಷ್ಟು ಅಚ್ಚುಕಟ್ಟು. ಅಂಗಿಯ ತೋಳು ಮಡಚಿ, ಗಡಿಯಾರದ ಚಕ್ರಗಳಿಗೆ ಎಣ್ಣೆ ಬಿಟ್ಟು, ಬಂದೂಕಿನ ತುಂಡುಗಳನ್ನು ಒಂದೊಂದಾಗಿ ಜೋಡಿಸುವುದನ್ನು ನೋಡುತ್ತ ನೋಡುತ್ತ ನಮಗೇ ತಿಳಿಯದಂತೆ ಅವನ ಕಡೆಯವರಾಗಿಬಿಡುತ್ತೇವೆ. ಸಿಕ್ಕಿಬೀಳಬೇಡಪ್ಪಾ ಎಂದು ನಾನೇ ಎಷ್ಟು ಸಲ ಬೇಡಿಕೊಂಡಿದ್ದೇನೋ, ಪಾಪಿ.

ನಿನ್ನೆ ಬುದ್ಧಿಗೇಡಿ ನಾನು ಅಮ್ಮನನ್ನೂ ಕರೆದೊಯ್ದು ಪಕ್ಕದಲ್ಲಿ ಕೂರಿಸಿಕೊಂಡೆ. ಹೌಸ್‌ಫುಲ್ ತೋರಿಸುವ ಜಂಭ, ಮತ್ತೇನು? ನೀನು ಸಚಿವರ ಅಂಗರಕ್ಷಕನೆಂಬುದನ್ನು ಮುಚ್ಚಿಟ್ಟು, ಅವರ ಕಚೇರಿಯಲ್ಲಿ ಫೈಲು ನೋಡಿಕೊಳ್ಳುತ್ತೀಯೆಂದು ನಾವಿಬ್ಬರೂ ಅವಳನ್ನು ನಂಬಿಸಿದ್ದೇವಲ್ಲ, ಅದು ಆಗ ತಲೆಗೇ ಹೊಳೆಯಲಿಲ್ಲ. ತೆರೆಯ ಮೇಲೆ ಕಾವಲಿನವನು ಪ್ರಧಾನಿಗೆ ಬೆನ್ನು ಹಾಕಿ, ಜನರ ಮೇಲೆ ಕಣ್ಣಿಟ್ಟು ನಿಂತ. ಆಮೇಲೆ ಮೆಟ್ಟಿಲ ಬಳಿ ಕೊಲೆಗಾರನನ್ನು ತಡೆದ, ಗುಂಡು ತಗುಲಿ ಬಿದ್ದ. ಕೊಲೆಗಾರ ತಪ್ಪಿಸಿಕೊಂಡನೆಂದು ಜನ ಶಿಳ್ಳೆ ಹೊಡೆದರು. ಅಮ್ಮ ಎದ್ದು ಹೊರಟೇಬಿಟ್ಟಳು. ಮನೆಗೆ ಬಂದವಳೇ ಪತ್ರಿಕೆಯಲ್ಲಿ ಬಂದಿದ್ದ ನಿನ್ನ ಫೋಟೋ ನನ್ನ ಮುಂದಿಟ್ಟಳು. ಸಚಿವರು ಕೈಬೀಸುತ್ತಿದ್ದಾರೆ, ನೀನು ಅವರಿಗೆ ಬೆನ್ನು ಹಾಕಿ ಎತ್ತಲೋ ನೋಡುತ್ತಿದ್ದೀಯ. “ನನ್ ಮಗನಿಗೆ ಕ್ಯಾಮೆರಾ ಕಂಡ್ರೆ ನಾಚಿಕೆ” ಎಂದು ನೆರೆಯವರಿಗೆಲ್ಲ ತೋರಿಸುತ್ತಿದ್ದಳಲ್ಲ, ಅದೇ ಫೋಟೋ. “ಫೈಲ್ ನೋಡ್ಕೊಳ್ಳೋನು ಹೀಗ್ ನಿಲ್ತಾನೇನೇ?” ಎಂದಳು. ಇದ್ದದ್ದನ್ನು ಇದ್ದ ಹಾಗೆ ಹೇಳಿಬಿಟ್ಟೆ. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು, ಬೈಯಲಿಲ್ಲ. ನಿನ್ನೆಯಿಂದ ಊಟ ಮುಟ್ಟಿಲ್ಲ. ರಜೆ ಹಾಕಿ ಒಮ್ಮೆ ಬಂದು ಹೋಗಣ್ಣ. ಅವಳನ್ನು ಸಮಾಧಾನ ಮಾಡಲು ನನಗೆ ಮುಖವಿಲ್ಲ.

ಹುಷಾರಾಗಿರು. ಹೊತ್ತುಹೊತ್ತಿಗೆ ಊಟ ಮಾಡು.

ನಿನ್ನ ಬಾಯಿಬಡುಕಿ ತಂಗಿ

ತಾ.ಕ.: ಇಂಟರ್‌ವಲ್ ಗಂಟೆ ಹೊಡೆಯುವುದರೊಳಗೆ ಇದನ್ನೂ ಬರೆದುಬಿಡುತ್ತೇನೆ. ಮರೆತದ್ದಲ್ಲ, ಕೈ ಬರಲಿಲ್ಲ. ಆ ಕಾವಲಿನವನು ಬಿದ್ದಾಗ ಎಲ್ಲರಿಗಿಂತ ಮೊದಲು ಚಪ್ಪಾಳೆ ತಟ್ಟಿದವಳು ನಾನೇ ಅಣ್ಣ. ಅಮ್ಮ ನನ್ನ ಎರಡೂ ಕೈ ಹಿಡಿದು ನಿಲ್ಲಿಸಿದಳು.