ಕ್ಲಚ್ ಬದಲಿಸಿದ ಏಪ್ರಿಲ್

ಮಾರ್ಚ್ 7, ಶುಕ್ರವಾರ. ನೇಪರ್‌ವಿಲ್, ಸಂಜೆ

ತಲುಪಿದೆ. ಕ್ಯಾಂಟನ್ ಬಿಟ್ಟಾಗ ತುಂತುರು ಹಿಮ. ಆ್ಯನ್ ಆರ್ಬರ್ ದಾಟಿದ ಮೇಲೆ ರಸ್ತೆ ಒಣಗಿತ್ತು. ಎಂದಿನ ಗ್ಯಾಸ್ ಸ್ಟೇಷನ್, ಎಂದಿನ ಬಾಳೆಹಣ್ಣು.

ಕಲಮಜೂ ಹತ್ತಿರದ ಏರಿನಲ್ಲಿ ಒಂದು ಟ್ರಕ್ಕನ್ನು ಹಿಂದೆ ಹಾಕಲು ಆಕ್ಸಿಲರೇಟರ್ ಒತ್ತಿದೆ. ಎಂಜಿನ್ ಕೂಗಿತು. ಆರ್‌ಪಿಎಂ ಮುಳ್ಳು ಏರಿತು. ಕಾರು ಮಾತ್ರ ಅದೇ ವೇಗದಲ್ಲಿ. ಒಂದು ಕ್ಷಣ ಅಷ್ಟೆ, ಆಮೇಲೆ ಸರಿಹೋಯಿತು. ಎದುರುಗಾಳಿ ಇರಬೇಕು ಅಂದುಕೊಂಡೆ. ಇಷ್ಟು ವರ್ಷ ಕ್ಲಚ್ ಡಿಸೈನ್ ಮಾಡಿ ಹೊಟ್ಟೆ ಹೊರೆದವನು ಅಂದುಕೊಳ್ಳುವ ಮಾತು!

ಭಾನು ಲ್ಯಾಪ್‌ಟಾಪ್ ಮುಂದೆ, ಮೀಟಿಂಗಿನಲ್ಲಿ. ಮ್ಯೂಟ್ ಒತ್ತಿ, "ಬಂದ್ಯಾ? ಸಾರು ಸ್ಟವ್ ಮೇಲಿದೆ, ಬಿಸಿ ಮಾಡ್ಕೋ" ಎಂದಳು. ಅನಿಕಾ ಗೆಳತಿಯ ಮನೆಗೆ ಹೋಗಿದ್ದಳು. ಒಬ್ಬನೇ ಉಂಡೆ.

ಭಾನು ಶಿಕಾಗೋ ಪಕ್ಕದ ಈ ಊರಿನ ಆಸ್ಪತ್ರೆಯ ಫಾರ್ಮಸಿಗೆ ಸೇರಿ, ಮಗಳನ್ನೂ ಕರೆದುಕೊಂಡು ಬಂದು ಎರಡು ಚಳಿಗಾಲ ಕಳೆದವು. ನನ್ನ ಕೆಲಸ, ಕ್ಯಾಂಟನ್‌ನ ಮನೆ ಮಿಶಿಗನ್‌ನಲ್ಲಿ. ವಾರ ಬಿಟ್ಟು ವಾರ ಬರುತ್ತೇನೆ. ಈ ಜೂನ್‌ನಲ್ಲಿ ಅನಿಕಾಳ ಹೈಸ್ಕೂಲ್ ಮುಗಿದರೆ ಇಬ್ಬರೂ ವಾಪಸ್ — ಹಾಗೆಂದು ಮಾತು.

ಮಾರ್ಚ್ 9, ಭಾನುವಾರ. ಕ್ಯಾಂಟನ್

ಹೆಸರಿಗೆ ಭಾನುವಾರ. ಭಾನುವನ್ನು ಬಿಟ್ಟು ಹೊರಡುವ ದಿನ.

ಈ ಕಡೆ ಬರುವಾಗ ಒಂದು ಗಂಟೆ ಯಾವಾಗಲೂ ಹೋಗುತ್ತದೆ, ಇಲ್ಲಿನ ಗಡಿಯಾರ ಶಿಕಾಗೋಗಿಂತ ಮುಂದೆ. ಇವತ್ತು ಬೇಸಿಗೆಗೆಂದು ದೇಶವೆಲ್ಲ ಗಡಿಯಾರ ಮುಂದಿಡುವ ದಿನ ಬೇರೆ, ಇನ್ನೊಂದು ಗಂಟೆಯೂ ಹೋಯಿತು. ಯಾರಿಗೆ ಹೋಯಿತೋ.

ಕ್ಲಚ್ ಪೆಡಲ್ ಪೂರ್ತಿ ಮೇಲೆ ಬರುವ ಹೊತ್ತಿಗೆ ಕಾರು ಹಿಡಿಯುತ್ತಿದೆ. ಮೊದಲು ಅರ್ಧಕ್ಕೇ ಹಿಡಿಯುತ್ತಿತ್ತು. ಇದು ಒಂದು ದಿನದಲ್ಲಿ ಆಗುವಂಥದಲ್ಲ. ಕಾಲು ತಾನಾಗಿ ಹೊಂದಿಕೊಂಡುಬಿಡುತ್ತದೆ, ತಲೆಗೆ ತಿಳಿಯುವುದೇ ಇಲ್ಲ.

ಮನೆ ತಣ್ಣಗಿತ್ತು. ಅನಿಕಾಳ ರೂಮಿನ ಬಾಗಿಲು ಹಾಕಿಯೇ ಇಟ್ಟಿದ್ದೇನೆ, ಹೀಟಿಂಗ್ ಉಳಿಯಲಿ ಎಂದು.

ಮಾರ್ಚ್ 13, ಗುರುವಾರ

ಪ್ಲಿಮತ್‌ನ ನಮ್ಮ ಆಫೀಸಿನ ಪಾರ್ಕಿಂಗ್ ಲಾಟ್ ಖಾಲಿಯಾಗುವವರೆಗೆ ಕಾದೆ. ಹ್ಯಾಂಡ್ ಬ್ರೇಕ್ ಎಳೆದು, ಬಲಗಾಲಲ್ಲಿ ಬ್ರೇಕ್ ತುಳಿದು, ಮೂರನೇ ಗೇರಿಗೆ ಹಾಕಿ ಕ್ಲಚ್ ಬಿಟ್ಟೆ. ಕ್ಲಚ್ ಚೆನ್ನಾಗಿದ್ದರೆ ಎಂಜಿನ್ ಧಡಕ್ಕೆಂದು ಆಫ್ ಆಗಬೇಕು. ಆಗಲಿಲ್ಲ. ತನ್ನ ಪಾಡಿಗೆ ತಾನು ಗುರ್ ಎನ್ನುತ್ತಿದ್ದು, ಆಮೇಲೆ ಮನಸ್ಸಿಲ್ಲದ ಮನಸ್ಸಿನಿಂದ ನಿಂತಿತು.

ಅಲ್ಲಿಗೆ ಸಂಶಯ ಮುಗಿಯಿತು. ಪ್ಲೇಟ್ ಸವೆದಿದೆ.

ಯಾರಿಗಾದರೂ ಹೇಳಬೇಕೆನಿಸಿತು. ಆಫೀಸಿನಲ್ಲಿ ಈಗ ಕ್ಲಚ್ ವಿಭಾಗವೇ ಇಲ್ಲ. ನನ್ನನ್ನು ಎಲೆಕ್ಟ್ರಿಕ್ ಕಾರಿನ ಬ್ಯಾಟರಿ ತಣ್ಣಗಿಡುವ ಪೈಪುಗಳ ಕೆಲಸಕ್ಕೆ ಹಾಕಿದ್ದಾರೆ. ಭಾನುಗೆ ಮೆಸೇಜ್ ಕಳಿಸಿದೆ: "ಕ್ಲಚ್ ಹೋಗಿದೆ." ಉತ್ತರವಾಗಿ ಒಂದು ಹೆಬ್ಬೆರಳು ಬಂತು. ಶಹಬ್ಬಾಸ್ ಎನ್ನುವ ಹೆಬ್ಬೆರಳು.

ಮಾರ್ಚ್ 19, ಬುಧವಾರ

ಭಾನು ಫೋನ್ ಮಾಡಿದ್ದಳು.

"ಈ ವೀಕೆಂಡ್ ಬರೋದು ಬೇಡ ನಿರಂಜನ್. ಅನಿಕಾಗೆ ಟೆಸ್ಟ್ ಇದೆ. ನಂಗೂ ಡ್ಯೂಟಿ."

"ಸರಿ."

"ಕಾರೂ ಸರಿ ಇಲ್ಲ ಅಂದ್ಯಲ್ಲ."

"ಹೂಂ. ಅದೂ ನಿಜ."

ಅವಳ ದನಿ ಹಗುರಾಯಿತು. ನನಗೆ ಕೇಳಿಸಬಾರದಿತ್ತು... ಕೇಳಿಸಿತು.

ಮಾರ್ಚ್ 30, ಭಾನುವಾರ. ಯುಗಾದಿ

ಪಕ್ಕದ ನೋವೈ ಊರಿನ ದೇವಸ್ಥಾನಕ್ಕೆ ಹೋಗಿದ್ದೆ. ದೇವರಿಗೆ ಎನ್ನುವುದಕ್ಕಿಂತ ಮನುಷ್ಯರ ಸದ್ದಿಗೆ. ಹಬ್ಬದ ಕಾರುಗಳ ಸಾಲು ರಸ್ತೆಯವರೆಗೆ ಬಂದಿತ್ತು. ಹೆಜ್ಜೆ ಹೆಜ್ಜೆಗೆ ನಿಲ್ಲಿಸು, ಬಿಡು, ನಿಲ್ಲಿಸು. ಪಾರ್ಕಿಂಗ್ ಸಿಗುವ ಹೊತ್ತಿಗೆ ಕಾರಿನೊಳಗೆ ಸುಟ್ಟ ವಾಸನೆ, ಮೂಗಿಗೆ ಅಡರುವಂಥದು. ಬೇವುಬೆಲ್ಲ ತಿಂದರೂ ಬಾಯಿಯಲ್ಲಿ ಅದೇ.

ಮನೆಗೆ ಬಂದರೆ ಡ್ರೈವ್‌ವೇಯಲ್ಲಿ ವಾಹಿದ್ ನಿಂತಿದ್ದರು, ಕೈಯಲ್ಲೊಂದು ಡಬ್ಬಿ. ಎರಡು ಮನೆ ಆಚೆ ಇದ್ದಾರೆ, ಗದಗಿನವರು. ಹೆಂಡತಿ ಅಖ್ತರಿಯೊಂದಿಗೆ ಟ್ರಾವೆಲ್ ಏಜೆನ್ಸಿ ನಡೆಸುತ್ತಾರೆ.

"ಇವತ್ತ ನಿಮ್ದೂ ಹಬ್ಬ, ನಮ್ದೂ ಹಬ್ಬ. ಅಖ್ತರಿ ಈದಿನ ಶೀರ್ ಖುರ್ಮಾ ಕೊಟ್ಟಾಳ ನೋಡ್ರಿ" ಎಂದರು. ಆಮೇಲೆ ಮೂಗು ಅರಳಿಸಿ, "ಏನೋ ಸುಟ್ಟ ವಾಸ್ನಿ ಬರಾಕತ್ತೇತಿ?"

"ಕ್ಲಚ್. ಬದಲಾಯಿಸ್ಬೇಕು. ನಾನೇ ಮಾಡ್ತೀನಿ."

"ಒಬ್ಬರ?"

"ಹೂಂ."

"ನಂಗ ಗಾಡಿ ವಿದ್ಯಾ ಏನೂ ಬರೂದಿಲ್ಲ. ಆದ್ರ ಹಿಡಿ ಅಂದ್ರ ಹಿಡೀತೀನಿ. ಕರೀರಿ."

ಡಬ್ಬಿ ತೆಗೆದು ನಿಂತುಕೊಂಡೇ ಆ ಶಾವಿಗೆ ಪಾಯಸವಷ್ಟನ್ನೂ ತಿಂದೆ. ಇನ್ನೂ ಬೆಚ್ಚಗಿತ್ತು.

ಏಪ್ರಿಲ್ 12, ಶನಿವಾರ

ಕಳೆದ ವಾರವೂ "ಬರಬೇಡ"ವೇ. ಕಾರಣ ಕೇಳಲಿಲ್ಲ. ಕ್ಲಚ್ ಕಿಟ್ ತರಿಸಿಕೊಂಡೆ.

ಬೆಳಿಗ್ಗೆಯಿಂದ ಗ್ಯಾರೇಜಿನಲ್ಲಿ. ಕಾರಿನ ಮುಂಭಾಗ ಸ್ಟ್ಯಾಂಡ್ ಮೇಲೆ. ಬ್ಯಾಟರಿ ತೆಗೆದೆ, ಚಕ್ರಗಳು, ಗೇರ್ ಆಯಿಲ್, ಚಕ್ರಕ್ಕೆ ಹೋಗುವ ಎರಡೂ ಶಾಫ್ಟ್. ಚಳಿಗಾಲದ ರಸ್ತೆ ಉಪ್ಪಿಗೆ ಬೋಲ್ಟುಗಳೆಲ್ಲ ತುಕ್ಕು ಹಿಡಿದು ಕಚ್ಚಿಕೊಂಡಿದ್ದವು. ಎಂಜಿನ್‌ಗೆ ಕೆಳಗಿನಿಂದ ಆಸರೆ ಕೊಟ್ಟು, ಗೇರ್‌ಬಾಕ್ಸ್ ಬಿಡಿಸುವ ಹೊತ್ತಿಗೆ ವಾಹಿದರನ್ನು ಕರೆದೆ. ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿಕೊಂಡು ಬಂದರು!

"ನಾ ಬಿಡ್ರಿ ಅನ್ನೋವರ್ಗೂ ಬಿಡಬೇಡಿ" ಎಂದೆ.

"ಇಲ್ರೀ, ಬಿಡೂದಿಲ್ಲ. ಬಿಟ್ರ ನಿಮ್ಮ ಎದಿ ಮ್ಯಾಲೇ ಬೀಳತೈತಿ."

ಇಬ್ಬರೂ ಏದುಸಿರು ಬಿಡುತ್ತಾ ಕೆಳಗಿಳಿಸಿದೆವು. ಹಳೆಯ ಪ್ಲೇಟ್ ಕೈಗೆ ಬಂತು. ಉಜ್ಜುವ ಪದರವೆಲ್ಲ ತೇದು ರಿವೆಟ್ಟುಗಳ ತಲೆ ಕಾಣುತ್ತಿತ್ತು. ಅದು ಅಂಟಿಕೊಂಡು ತಿರುಗುವ ಫ್ಲೈವೀಲ್ ಮೇಲೆ ಶಾಖಕ್ಕೆ ನೀಲಿ ಕಲೆ, ಆದರೆ ಗೀರು ಬಿದ್ದಿರಲಿಲ್ಲ. ಉಜ್ಜಿ ಒರೆಸಿದರೆ ಸಾಕು.

ವಾಹಿದ್ ತಲೆಕೆಳಗಾದ ಬಕೆಟ್ ಮೇಲೆ ಕುಳಿತು ಸುಧಾರಿಸಿಕೊಳ್ಳುತ್ತಿದ್ದರು.

"ಮನಿಯವ್ರು ಯಾವಾಗ ಬರ್ತಾರ್ರೀ?"

"ಜೂನ್‌ನಲ್ಲಿ. ಮಗಳ ಸ್ಕೂಲ್ ಮುಗಿದ ಮೇಲೆ."

"ಅವರು ಹಂಗ ಹೇಳ್ಯಾರೇನು?"

"ಆ ಪಾನಾ ಕೊಡಿ" ಎಂದೆ. ಸ್ಪ್ಯಾನರ್‌ಗೆ ಪಾನಾ ಎನ್ನುವುದನ್ನು ಅವರಿಂದಲೇ ಕಲಿತದ್ದು. ಕೊಟ್ಟರು. ಮತ್ತೆ ಕೇಳಲಿಲ್ಲ. ಒಳ್ಳೆಯ ಮನುಷ್ಯ.

ಏಪ್ರಿಲ್ 13, ಭಾನುವಾರ

ವಾಹಿದರಿಗೆ ನಿನ್ನೆಯ ಭಾರಕ್ಕೆ ಸೊಂಟ ಹಿಡಿದುಕೊಂಡಿದೆ. ಅಖ್ತರಿ ಫೋನಿನಲ್ಲಿ ಹೇಳಿದರು, ಬೈಯಲಿಲ್ಲ.

ಹೊಸ ಪ್ಲೇಟ್ ನಡುಮಧ್ಯಕ್ಕೆ ಕೂರಿಸಿ, ಮೇಲಿನ ಬೋಲ್ಟುಗಳನ್ನು ಎದುರು ಬದುರಾಗಿ ಸ್ವಲ್ಪ ಸ್ವಲ್ಪವೇ ಬಿಗಿದೆ. ಅಲ್ಲಿಯವರೆಗೆ ಒಬ್ಬನದೇ ಕೆಲಸ. ಮುಂದಿನದು ಅಲ್ಲ. ಗೇರ್‌ಬಾಕ್ಸ್ ಎತ್ತಿ ಅದರ ಉದ್ದನೆಯ ಶಾಫ್ಟನ್ನು ಪ್ಲೇಟಿನ ನಡುವಿನ ಹಲ್ಲುಗಳೊಳಗೆ ನೇರವಾಗಿ ತೂರಿಸಬೇಕು. ಒಬ್ಬರು ತಳ್ಳುತ್ತಿರಬೇಕು, ಇನ್ನೊಬ್ಬರು ಆಚೆಯಿಂದ ಎಂಜಿನ್ನನ್ನು ಕೂದಲೆಳೆಯಷ್ಟು ತಿರುಗಿಸಬೇಕು. ಜ್ಯಾಕ್ ಮೇಲಿಟ್ಟು ನಾನೇ ತಳ್ಳಿ, ನಾನೇ ಎದ್ದು ಹೋಗಿ ತಿರುಗಿಸಿ, ಮತ್ತೆ ಬಂದು ಮಲಗಿ ತಳ್ಳಿ... ಸಂಜೆಯಾಯಿತು. ಬೋಲ್ಟ್ ಬಿಗಿದು ಎಳೆದುಕೊಳ್ಳೋಣವೇ ಎಂದೂ ಆಸೆಯಾಯಿತು. ಹಾಗೆ ಮಾಡಿದರೆ ಹೊಸ ಪ್ಲೇಟ್ ಬಾಗುತ್ತದೆ.

ಕಾರಿನ ಕೆಳಗೇ ಸ್ವಲ್ಪ ಹೊತ್ತು ಮಲಗಿದ್ದೆ. ಬೀದಿಯಲ್ಲಿ ಒಂದೊಂದೇ ಗ್ಯಾರೇಜ್ ಬಾಗಿಲು ಇಳಿಯುವ ಸದ್ದು. ಕರೆದರೆ ಬರುವವರು ಯಾರು ಎಂದು ಹೆಸರು ಹುಡುಕಿದೆ. ಇಷ್ಟು ವರ್ಷದ ಊರು. ಸೊಂಟ ಹಿಡಿದ ಒಬ್ಬರೇ ಸಿಕ್ಕಿದರು.

ಏಪ್ರಿಲ್ 18, ಶುಕ್ರವಾರ

ಬೆಳಿಗ್ಗೆ ಅನಿಕಾಳ ಫೋನ್. ಗುಡ್ ಫ್ರೈಡೇ, ಅವಳ ಸ್ಕೂಲಿಗೂ ನನ್ನ ಆಫೀಸಿಗೂ ರಜೆ.

"ಅಪ್ಪಾ, ಐ ಆ್ಯಮ್ ಆನ್ ದ ಟ್ರೇನ್. ಕ್ಯಾನ್ ಯೂ ಪಿಕ್ ಮೀ ಅಪ್ ಇನ್ ಡಿಯರ್‌ಬಾರ್ನ್?"

"ಅಮ್ಮಂಗೆ ಗೊತ್ತಾ?"

"ಶೀ ನೋಸ್ ನೌ."

ವಾಹಿದರ ವ್ಯಾನ್ ತೆಗೆದುಕೊಂಡು ಓಡಿದೆ. ಸ್ಟೇಷನ್ನಿನಲ್ಲಿ ಬ್ಯಾಕ್‌ಪ್ಯಾಕ್ ಹೊತ್ತು ನಿಂತಿದ್ದಳು. ಎತ್ತರವಾಗಿದ್ದಾಳೆ, ಅಥವಾ ನನಗೆ ಹಾಗನ್ನಿಸಿತು. ಸೀಟ್ ಬೆಲ್ಟ್ ಹಾಕಿಕೊಂಡವಳೇ ಒಂದೇ ಉಸಿರಿಗೆ ಹೇಳಿಬಿಟ್ಟಳು.

"ಮಾಮ್ ಈಸ್ ಬೈಯಿಂಗ್ ಅ ಟೌನ್‌ಹೌಸ್. ಇನ್ ನೇಪರ್‌ವಿಲ್. ಶೀ ಈಸ್ ನಾಟ್ ಕಮಿಂಗ್ ಬ್ಯಾಕ್ ಇನ್ ಜೂನ್. ಸಮ್‌ಬಡಿ ಶುಡ್ ಟೆಲ್ ಯೂ, ಅಪ್ಪಾ."

ಸಿಗ್ನಲ್ ಹಸಿರಾಯಿತು. ಹಿಂದಿನವನು ಹಾರ್ನ್ ಹೊಡೆದ. ನನ್ನ ಎಡಗಾಲು, ಅಲ್ಲಿಲ್ಲದ ಕ್ಲಚ್ಚನ್ನು ಹುಡುಕುತ್ತಿತ್ತು — ವಾಹಿದರದ್ದು ಆಟೋಮ್ಯಾಟಿಕ್.

"ಊಟ ಆಯ್ತಾ?" ಎಂದೆ.

ಸಂಜೆ ಭಾನು ಫೋನ್ ಮಾಡಿದಳು.

"ಹೇಳಿದ್ಲಾ?"

"ಹೇಳಿದ್ಲು."

"ನಾನೇ ಹೇಳ್ಬೇಕಿತ್ತು."

"ಯಾವಾಗ?"

"ಬೆಳಿಗ್ಗೆ ಅವಳಿಗೆ ಏನಾದ್ರೂ ತಿನ್ಸು, ಹಾಗೇ ಇದ್ಬಿಡ್ತಾಳೆ" ಎಂದು ಫೋನ್ ಇಟ್ಟಳು.

ಏಪ್ರಿಲ್ 19, ಶನಿವಾರ

ಗೇರ್‌ಬಾಕ್ಸ್ ಕೂತಿತು!

ಅನಿಕಾ ನನ್ನ ಹಳೆಯ ಸ್ವೆಟರ್ ಹಾಕಿಕೊಂಡು, ಚಕ್ರ ತೆಗೆದ ಜಾಗದಿಂದ ಕೈ ತೂರಿಸಿ ಉದ್ದನೆಯ ಪಾನಾದಿಂದ ಎಂಜಿನ್ ತಿರುಗಿಸಿದಳು. ನಾನು ಕೆಳಗೆ ಮಲಗಿ ಭುಜ ಕೊಟ್ಟು ತಳ್ಳುತ್ತಿದ್ದೆ.

"ಸ್ವಲ್ಪ. ಇನ್ನೂ ಸ್ವಲ್ಪ. ಸಾಕು, ಹಿಂದೆ."

"ದಿಸ್ ಈಸ್ ಲೈಕ್ ಓಪನಿಂಗ್ ಅ ಸೇಫ್."

ಎಷ್ಟು ಸಲವೋ. ನಂತರ ಭುಜಕ್ಕೆ ಏನೋ ಸಡಿಲವಾದಂತೆ ಅನ್ನಿಸಿ, ಅಷ್ಟು ಭಾರವೂ ಮೆತ್ತಗೆ ಒಳಗೆ ಜಾರಿಕೊಂಡಿತು. ಇಬ್ಬರೂ ಕಿರುಚಿದೆವು. ವಾಹಿದ್ ಸೊಂಟ ಹಿಡಿದುಕೊಂಡೇ ಓಡಿ ಬಂದರು, ಯಾರಿಗೆ ಏನಾಯಿತೋ ಎಂದು.

ಬೋಲ್ಟ್ ಬಿಗಿಯುವಾಗ ಅನಿಕಾಳ ಶೂಗಳಷ್ಟೇ ನನಗೆ ಕಾಣುತ್ತಿದ್ದವು.

"ಅಪ್ಪಾ, ಡೂ ಯೂ ಲೈಕ್ ಲಿವಿಂಗ್ ಹಿಯರ್?"

"ಕೆಲಸ ಇದೆಯಲ್ಲ."

"ದಟ್ಸ್ ನಾಟ್ ವಾಟ್ ಐ ಆಸ್ಕ್ಡ್."

ಮುಖ ಕಾಣದಿದ್ದದ್ದು ಒಳ್ಳೆಯದಾಯಿತು. "ಇಲ್ಲ" ಎಂದೆ. ಶೂಗಳು ಅಲುಗಾಡಲಿಲ್ಲ. "ಅಮ್ಮಂಗೆ ಹೇಳು" ಎಂದಳು. ಕನ್ನಡದಲ್ಲಿ.

ಏಪ್ರಿಲ್ 21, ಸೋಮವಾರ. ನೇಪರ್‌ವಿಲ್, ಬೆಳಿಗ್ಗೆ

ನಿನ್ನೆ ಬರೆಯಲಾಗಲಿಲ್ಲ.

ಹೊಸ ಕ್ಲಚ್‌ಗೆ ಮೊದಲಿಗೆ ಫ್ರೀವೇ ಓಟ ಬೇಡ. ನಿಧಾನಕ್ಕೆ, ಗೇರ್ ಬದಲಿಸುತ್ತಾ, ನಿಲ್ಲಿಸುತ್ತಾ ಹೊರಡಿಸುತ್ತಾ ಪಳಗಿಸಬೇಕು. ಅದಕ್ಕೇ ಹಳೆಯ ದಾರಿ ಹಿಡಿದೆವು, ಮಿಶಿಗನ್ ಅವೆನ್ಯೂ, ಡೆಟ್ರಾಯ್ಟ್‌ನಿಂದ ಶಿಕಾಗೋವರೆಗೆ ಊರೂರು ಹಾದು ಹೋಗುವುದು. ಸಲೀನ್, ಕ್ಲಿಂಟನ್, ಕೋಲ್ಡ್‌ವಾಟರ್. ಈಸ್ಟರ್ ಆದ್ದರಿಂದ ಅಂಗಡಿಗಳೆಲ್ಲ ಮುಚ್ಚಿದ್ದವು. ಪೆಡಲ್ ಹಗುರ. ಅರ್ಧಕ್ಕೇ ಹಿಡಿಯುತ್ತದೆ.

ಕೋಲ್ಡ್‌ವಾಟರ್‌ನಲ್ಲಿ ಖಾಲಿ ಸ್ಕೂಲೊಂದರ ಪಾರ್ಕಿಂಗ್ ಲಾಟಿನಲ್ಲಿ ಅನಿಕಾಳ ಕೈಗೆ ಕೊಟ್ಟೆ. ಜಗ್ಗಿತು, ನಿಂತಿತು. ಜಗ್ಗಿತು, ನಿಂತಿತು. ನಗು ತಡೆಯಲಾರದೆ ಸ್ಟೀರಿಂಗ್ ಮೇಲೆ ತಲೆಯಿಟ್ಟಳು. ಹೊಸ ಪ್ಲೇಟಿಗೆ ಒಳ್ಳೆಯದಲ್ಲ. ಹೇಳಲಿಲ್ಲ. ಕೊನೆಗೆ ಕಾರು ಮೆಲ್ಲಗೆ ಹೊರಟಿತು. ಲಾಟ್ ಪೂರ್ತಿ ಒಂದು ಸುತ್ತು ಬಂದಳು.

ಇಲ್ಲಿಗೆ ಬಂದಾಗ ಇನ್ನೂ ಬೆಳಕಿತ್ತು. ಭಾನು ಮೆಟ್ಟಿಲ ಮೇಲೆ ಕುಳಿತಿದ್ದಳು. ಮಗಳನ್ನು ಬೈಯುತ್ತಾಳೆಂದುಕೊಂಡೆ. ತಬ್ಬಿಕೊಂಡು ಒಳಗೆ ಕಳಿಸಿದಳು. ನಾನು ಪಕ್ಕದಲ್ಲಿ ಕುಳಿತೆ.

"ಬರಬೇಡ ಅಂತಿದ್ಯಲ್ಲ, ಯಾಕೆ?"

"ನೀನು ಬಂದ್ರೆ ಬೇಜಾರು ಅಂತಲ್ಲ." ಅಂಗೈಯನ್ನು ಮೊಣಕಾಲಿಗೆ ಉಜ್ಜುತ್ತಿದ್ದಳು. "ನೀನು ಎರಡು ದಿನ ಇದ್ದು ಹೋಗ್ತೀಯ. ಸೋಮವಾರದಿಂದ ನಾನು ಒಬ್ಬಳೇ ಇರೋದನ್ನ ಮತ್ತೆ ಮೊದಲಿಂದ ಕಲೀಬೇಕು. ಪ್ರತಿ ಸಲ. ಕಲಿತೆ ಅನ್ನೋಷ್ಟರಲ್ಲಿ ಮತ್ತೆ ಬರ್ತೀಯ. ಸಾಕಾಯ್ತು ನಿರಂಜನ್. ನೀನು ಬರದಿದ್ರೆ ಆ ಸೋಮವಾರ ಇರಲ್ಲ, ಅಷ್ಟೆ."

ಅವಳು ಇಲ್ಲಿ ಸುಖವಾಗಿದ್ದಾಳೆ ಎಂದುಕೊಂಡಿದ್ದೆ. ನಾನು ಅಲ್ಲಿ ಸುಖವಾಗಿದ್ದೇನೆ ಎಂದು ಅವಳು. ಹುಚ್ಚು.

"ನಾನಿಲ್ಲಿಗೇ ಬಂದ್ಬಿಟ್ರೆ?"

"ನೀನು ಕೆಲಸ ಬಿಡಲ್ಲ ಅಂತ ಗೊತ್ತಿದ್ದೇ ಕೇಳಿರ್ಲಿಲ್ಲ."

"ಕೇಳಿದ್ದರೆ ಗೊತ್ತಾಗ್ತಿತ್ತು."

"ಇವತ್ತು ಸುಸ್ತಾಗಿದೆ. ಕಾರು ರಿಪೇರಿ ಮಾಡಿದ ಖುಷಿಯಲ್ಲಿ ಏನೂ ಹೇಳ್ಬೇಡ" ಎಂದು ಎದ್ದಳು. ಬಾಗಿಲು ಹಾಕಿಕೊಳ್ಳಲಿಲ್ಲ.

ಇವತ್ತು ಬರುವುದಿಲ್ಲವೆಂದು ಮ್ಯಾನೇಜರ್‌ಗೆ ಮೆಸೇಜ್ ಕಳಿಸಿದ್ದೇನೆ. ನಾಳೆಯ ಮಾತು ಬರೆಯಲಿಲ್ಲ. ಇಲ್ಲಿ ಸೋಮವಾರ ಬೆಳಿಗ್ಗೆ ಹೇಗಿರುತ್ತದೆಂದು ನನಗೆ ಗೊತ್ತೇ ಇರಲಿಲ್ಲ. ಕಸದ ಟ್ರಕ್ ಬಂದು ಹೋಯಿತು. ಅನಿಕಾ ಹಸಿ ಕೂದಲಲ್ಲೇ ಬಸ್ಸಿಗೆ ಓಡಿದಳು. ಭಾನು ಮಿಂದು, ಆಸ್ಪತ್ರೆಯ ಬ್ಯಾಡ್ಜ್ ಹಾಕಿಕೊಂಡು ಹೊರಟಿದ್ದಾಳೆ. ಬಾಗಿಲವರೆಗೆ ಹೋದವಳು ತಿರುಗಿದಳು.

"ಸಂಜೆ ನಾನು ಬರೋ ಹೊತ್ತಿಗೆ ಇರ್ತೀಯಾ?"

ನನ್ನ ಕಡೆ ನೋಡದೆ ಕೇಳಿದಳು. ಚಿಲಕದ ಮೇಲೆ ಕೈಯಿಟ್ಟು ಇನ್ನೂ ಅಲ್ಲೇ ನಿಂತಿದ್ದಾಳೆ. ಪೆನ್ನು ಇಟ್ಟು ಏಳಬೇಕು. ಹೇಳಬೇಕು —