ಟಿಪ್ಪರಿನ್ಯಾಗ ಹೋದ ಮಣ್ಣು

ಹಿರೇಹಡಗಲಿ
ಮಂಗಳವಾರ

ವಕೀಲ ಕೊಟ್ರಗೌಡ್ರಿಗೆ ಹೊನ್ನೂರಮ್ಮನ ನಮಸ್ಕಾರ.

ನಿನ್ನೆ ಫೋನಿನ್ಯಾಗ "ಗೆದ್ವಿ ಬಿಡವ್ವಾ, ಪೇಡೆ ಹಂಚು" ಅಂದ್ರಿ. ತೆಲಿಗಿ ಊರಿನವರು ಹಾಕಿದ್ದ ಬ್ಯಾರೆ ಕೇಸಿನ್ಯಾಗ ರಸ್ತಿ ಯೋಜನೆನೇ ರದ್ದಾತು, ಅದಕ್ಕ ನನ್ನ ಅರ್ಜಿಯಾಗ ವಿಚಾರಿಸಾಕ ಏನೂ ಉಳಿದಿಲ್ಲಂತ ಕೋರ್ಟು ಮುಚ್ಚೇತಿ ಅಂದ್ರಿ. ಸಿಟ್ಟಿಗೆ ನಾನು ಫೋನ್ ಇಟ್ಟುಬಿಟ್ಟೆ. ಅದಕ್ಕ ಬರೀತೀನಿ.

ರಸ್ತಿ ಬ್ಯಾಡಂತ ನಾನು ಯಾವತ್ತು ಕೇಳಿದ್ದೆ? ಡೆಂಗಿ ಬಂದು ಸತ್ತ ನನ್ನ ಮಗಳು ಶಾಂತಕುಮಾರಿನ್ನ ನಮ್ಮೂರ ಸುಡುಗಾಡಿನ್ಯಾಗ ಹೂತಿದ್ವಿ. ರಸ್ತಿ ಮಾಡಾಕಂತ ಗುತ್ತಿಗೆದಾರ ಅಲ್ಲಿಗೆ ಜೆಸಿಬಿ ತಂದಾಗ ನಾನು ಅಡ್ಡ ನಿಂತು, "ನನ್ನ ಕೂಸು ಮಲಗೇತಿ, ನಿಲ್ಸಪ್ಪಾ" ಅಂದೆ. "ಗುರುತಿಗೆ ಕಲ್ಲು ಎಲ್ಲೈತಿ?" ಅಂತ ನಕ್ಕ. ಅಗೆದ ಮಣ್ಣನ್ನ ಟಿಪ್ಪರಿಗೆ ತುಂಬಿಸಿ ಕಳಿಸಿದ. ಎಲ್ಲಿ ಸುರುವಿದ್ರು ಅಂತ ಇವತ್ತಿಗೂ ಯಾರೂ ಹೇಳವಲ್ರು.

ಅದನ್ನ ಕೋರ್ಟಿನ್ಯಾಗ ಕೇಳಿಸಾಕ ನಿಮ್ಮ ಹತ್ರ ಬಂದಿದ್ದೆ. ನೀವು "ರಸ್ತಿ ನಿಲ್ಲಿಸ್ರಿ" ಅಂತ ಬರೆದು ನನ್ನ ಹೆಬ್ಬೆಟ್ಟು ಒತ್ತಿಸಿಕೊಂಡ್ರಿ. ನನ್ನ ಮಗಳ ಹೆಸರು ಅದರಾಗ ಇಲ್ಲಂತ ನಿನ್ನೆ ಸಂಜಿ ನಮ್ಮ ಮಾಸ್ತರು ಓದಿ ಹೇಳಿದ್ರು. ಈ ಕಾಗದನೂ ಅವರೇ ಬರಿಯಾಕತ್ತಾರ. ನಾ ಬೈದದ್ದನ್ನ ಬಿಟ್ಟು ಬರೆದಾರ.

ಗುರುವಾರ ಮುಂಜಾನಿ ಬಸ್ಸಿಗೆ ಬರ್ತೀನಿ. ಹೊಸ ಅರ್ಜಿ ಬರೆದಿಟ್ಟಿರ್ರಿ, ಮೊದಲ ಸಾಲಿನ್ಯಾಗ ಅವಳ ಹೆಸರಿರ್ಲಿ. ಗುತ್ತಿಗೆದಾರನ್ನ ಕಟಕಟೆಯಾಗ ನಿಲ್ಲಿಸಿ ಕೇಳ್ರಿ. ಆ ಮಣ್ಣು ಯಾರ ಹೊಲದಾಗಿರಲಿ, ಯಾರ ಮನಿ ಪಾಯದಾಗಿರಲಿ, ನಾನೇ ಹೋಗಿ ಬಗೀತೀನಿ.

ಇಂತಿ,
ಶಾಂತಕುಮಾರಿ ತಾಯಿ
ಹೊನ್ನೂರಮ್ಮ