ಬಾಗಿಲು ಒಪ್ಪಿದ ಮುಖ

ಗುರುತು ನೋಂದಣಿ ಕಚೇರಿಯ ಮುಖ್ಯಾಧಿಕಾರಿಗಳೇ,

ನನ್ನ ತಾಯಿಯನ್ನು ನೋಡಲು ನಾನು ನನ್ನದೇ ಮುಖದ ಮುಖವಾಡ ಹಾಕಿಕೊಂಡು ಹೋಗಬೇಕಾಗಿದೆ. ಇದನ್ನು ಸರಿಪಡಿಸಲು ನಿಮ್ಮ ಕಚೇರಿ ಒಪ್ಪುತ್ತಿಲ್ಲ. ಆದ್ದರಿಂದ ನಾಲ್ಕು ಜನ ಓದುವಂತೆ ಬರೆಯುತ್ತಿದ್ದೇನೆ.

ನಾನು ವಿಡಿಯೊ ಕಲಾವಿದೆ. ಕ್ಯಾಮೆರಾ ಮುಂದೆ ನಾನೇ ಅಭಿನಯಿಸುತ್ತೇನೆ. ತೀರಾ ಪರಿಚಿತವಾದ ಮುಖವೊಂದು ಯಾವ ಗಳಿಗೆಯಲ್ಲಿ ಪರಕೀಯವಾಗಿ ಮೈ ಜುಮ್ಮೆನಿಸುತ್ತದೆ ಎಂಬುದು ನನ್ನ ಕೆಲಸದ ವಿಷಯ. ಅದಕ್ಕಾಗಿ ನನ್ನ ಮುಖದ ಅಚ್ಚು ತೆಗೆಸಿ, ಸಿಲಿಕೋನಿನ ತೆಳುವಾದ ಮುಖವಾಡ ಮಾಡಿಸಿದ್ದೆ. ನನ್ನದೇ ಮೂಗು, ನನ್ನದೇ ತುಟಿ. ಸುಕ್ಕು ಮಾತ್ರ ಇಲ್ಲ. ಅದನ್ನು ಅಂಟಿಸಿಕೊಂಡು ಚಿತ್ರೀಕರಣದಲ್ಲಿದ್ದ ದಿನವೇ ಗುರುತುಚೀಟಿ ನವೀಕರಣಕ್ಕೆ ಕರೆ ಬಂತು. ತಪ್ಪಿಸಿದರೆ ಮತ್ತೆ ಯಾವಾಗಲೋ ಎಂದು ಹಾಗೇ ಓಡಿದೆ. ಫೋಟೊ ತೆಗೆಯುವ ಹುಡುಗಿಗೆ ವಿಷಯ ತಿಳಿಸಿದೆ.

"ಸ್ವಲ್ಪ ಇರಮ್ಮ, ಎಣ್ಣೆ ಹಚ್ಚಿ ಇದನ್ನ ಬಿಡಿಸ್ಕೊಂಡು ಬರ್ತೀನಿ."

"ಅಯ್ಯೋ ಬಿಡಿ ಅಕ್ಕ, ಹಿಂದೆ ಸಾಲು ನೋಡಿ. ನಿಮ್ಮ ಮುಖಾನೇ ತಾನೆ? ನಮ್ಮ ಕ್ಯಾಮೆರಾದಲ್ಲಿ ಇಷ್ಟು ಚೆನ್ನಾಗಿ ಯಾರೂ ಬಂದಿಲ್ಲ!"

ಆ ಹೊಗಳಿಕೆಗೆ ನಾನೂ ಸ್ವಲ್ಪ ಕರಗಿದೆನೇನೋ. ಆದರೆ ಅಂದಿನಿಂದ ನಿಮ್ಮ ದಾಖಲೆಯಲ್ಲಿರುವ ನಾನು ಸಿಲಿಕೋನಿನವಳು. ಮರೆವಿನ ಕಾಯಿಲೆಯ ಅಮ್ಮ ಇರುವ ಆರೈಕೆ ಕೇಂದ್ರದ ಬಾಗಿಲು ನಿಮ್ಮ ದಾಖಲೆ ನೋಡಿಯೇ ತೆರೆಯುತ್ತದೆ. ಬರಿ ಮುಖ ತೋರಿಸಿದರೆ ಕೆಂಪು ದೀಪ. ಕಾವಲುಗಾರ ಕೈಚೆಲ್ಲುತ್ತಾನೆ: "ನಂಗೆ ನೀವು ಗೊತ್ತು ಮೇಡಂ, ಬಾಗಿಲಿಗೆ ಗೊತ್ತಿಲ್ವಲ್ಲ."

ನಿಮ್ಮ ಗುಮಾಸ್ತರ ತರ್ಕವನ್ನು ನೀವೂ ಕೇಳಬೇಕು.

"ಫೋಟೊ ಬದಲಾಯಿಸ್ಬೇಕಾದ್ರೆ ಮೊದ್ಲು ಮುಖ ಹೊಂದ್ಬೇಕು."

"ಹೊಂದಲ್ಲ ಅಂತಾನೇ ಬದಲಾಯಿಸಿ ಅಂತಿರೋದು."

"ಹಾಗಾದ್ರೆ ಹೊಂದೋ ಮುಖದಲ್ಲಿ ಬನ್ನಿ."

ಮುಖವಾಡ ತೊಟ್ಟು ಹೋದೆ. ಹೊಂದಿತು. "ಎಲ್ಲಾ ಸರಿಯಾಗೇ ಇದೆಯಲ್ಲ, ಇನ್ನೇನು ಬದಲಾಯಿಸೋದು?" ಎಂದು ಅರ್ಜಿ ಮುಗಿಸಿದರು. ಇದಕ್ಕೆ ನಗಬೇಕೋ ಅಳಬೇಕೋ? ಎರಡಕ್ಕೂ ಆ ಮುಖದಲ್ಲಿ ಜಾಗವಿಲ್ಲ.

ಅಮ್ಮನ ಕೋಣೆಯಲ್ಲೂ ಕ್ಯಾಮೆರಾ ಇದೆ. ಮುಖವಾಡ ಸರಿಸಿದರೆ ಗಂಟೆ ಹೊಡೆದುಕೊಳ್ಳುತ್ತದೆ, ನನ್ನನ್ನು ಹೊರಗೆ ಕಳಿಸುತ್ತಾರೆ. ಆದ್ದರಿಂದ ಅದರೊಳಗೇ ಬೆವರುತ್ತಾ ಕೂರುತ್ತೇನೆ. ಮೊದಲ ಸಲ ನೋಡಿದಾಗ ಅಮ್ಮ ಗೋಡೆಗೆ ಸರಿದು ಕಿರುಚಿದ್ದರು: "ಯಾರೇ ನೀನು? ನನ್ನ ಮಗಳ ಮುಖ ಯಾಕೆ ಹಾಕ್ಕೊಂಡಿದ್ದೀಯ?" ನಿಮ್ಮ ಇಡೀ ವ್ಯವಸ್ಥೆಗೆ ಕಾಣದ್ದು ಊಟ ಮಾಡಿದ್ದನ್ನೂ ಮರೆಯುವ ಮುದುಕಿಗೆ ಕಂಡಿತ್ತು. ಸ್ವಾಮಿ, ಅವರನ್ನೇ ನಿಮ್ಮ ಕೌಂಟರಿನಲ್ಲಿ ಕೂರಿಸಬಾರದೇಕೆ?

ವ್ಯಂಗ್ಯ ಸಾಕು. ಕಳೆದ ವಾರ ಅಮ್ಮ ಕಿರುಚಲಿಲ್ಲ. ಮುಖವಾಡದ ಕೆನ್ನೆ ಸವರಿ, "ಬಂದ್ಯಾ ಮಗಳೇ? ಎಷ್ಟು ತಣ್ಣಗಿದ್ದೀಯಲ್ಲೇ, ಹೊರಗೆ ಚಳೀನಾ?" ಎಂದರು. ನನ್ನನ್ನು ಕೋಣೆಯವರೆಗೆ ಬಿಡಲು ಬಂದಿದ್ದ ಕಾವಲುಗಾರ ಸಂತೋಷಪಟ್ಟ. ನಾನು ಸಿಲಿಕೋನಿನ ಹಿಂದೆ ಕೂತಿದ್ದೆ. ಅವರ ಬೆರಳು ನನಗೆ ತಾಗಲೇ ಇಲ್ಲ. ಆ ಮುಖವನ್ನು ಅವರೂ ಒಪ್ಪಿಬಿಟ್ಟರೆ, ನಾಳೆ ನೀವು ಫೋಟೊ ತಿದ್ದಿಕೊಟ್ಟರೂ ನಾನು ಯಾವ ಮುಖ ಹೊತ್ತು ಒಳಗೆ ಹೋಗಲಿ?

ನನ್ನ ಬೇಡಿಕೆ ಒಂದೇ. ಈ ವಾರವೇ ನನ್ನ ಬರಿ ಮುಖದ ಫೋಟೊ ತೆಗೆಸಿ. ಅಲ್ಲಿಯವರೆಗೆ ಕಾವಲುಗಾರನ ಮಾತು ನಂಬಿ ಬಾಗಿಲು ತೆರೆಯುವಂತೆ ಆದೇಶಿಸಿ. ಅಮ್ಮನ ನೆನಪಿನಲ್ಲಿ ನಾನಿನ್ನೂ ಅಷ್ಟೋ ಇಷ್ಟೋ ಉಳಿದಿರುವಾಗಲೇ ಇದು ಆಗಬೇಕು.

ಇಂತಿ,
ನೋಡಲು ತನ್ನ ಹಾಗೆಯೇ ಇರುವ,
ಒಬ್ಬ ಮಗಳು